ಓಟಕರಪ್ಪನ ಕೊನೆಯ ಸೀನು

ಮಾರ್ಚ್ 3, ಸೋಮವಾರ
ಜೋಳದ ಹಿಟ್ಟು ಮತ್ತೆ ಖಾಲಿ. ರೊಟ್ಟಿ ಬಡಿದವರು ಊರಿಂದ ಬಂದಿರುವ ನಮ್ಮತ್ತೆ ಬಸವ್ವ, ತಿಂದವರು ಕೆಳಮನೆಯ ಓಟಕರ್. ಎಪ್ಪತ್ತೆಂಟು ವರ್ಷ. ಪ್ರಾಗ್‌ನಲ್ಲಿ ಹನ್ನೊಂದು ಸಿನಿಮಾ ಬರೆದವರು, ಇಲ್ಲಿ ನ್ಯೂರೆಂಬರ್ಗ್‌ಗೆ ಬಂದ ಮೇಲೆ ಟಿವಿಗೆ ಪೊಲೀಸ್ ಕಥೆ. ಆರು ವರ್ಷದಿಂದ ಕೆಲಸವೇ ಇಲ್ಲ. ಈಗೊಂದು ಟಿವಿ ಫಿಲ್ಮ್ — ಜರ್ಮನಿಗೆ ಬಂದ ಹುಬ್ಬಳ್ಳಿ ನರ್ಸ್ ಕಥೆ. ಇದೂ ಕೈಕೊಟ್ಟರೆ ಮನೆ ಬಿಟ್ಟು ಮಗಳ ಮನೆಗೆ. ನನ್ನೆದುರು ಅವರ ಗೋಳು:
"ಅವಳು ಸೂಪ್ ಕುಡಿಸಿ ಎಂಟಕ್ಕೇ ಮಲಗಿಸ್ತಾಳೆ, ಮಧುಮತಿ!"

ಮಾರ್ಚ್ 8
ಓಟಕರ್ ಕೊನೆಯ ಸೀನ್ ಜರ್ಮನ್‌ನಲ್ಲಿ ಓದಿದರು. ಅತ್ತೆಗೆ ಕನ್ನಡದಲ್ಲಿ ಹೇಳುವ ಕೆಲಸ ನನ್ನದು. ಸ್ಟೇಷನ್. ನರ್ಸ್ ಗಂಡನಿಗೆ, "ನಾನು ಹೋಗ್ತೀನಿ." ರೈಲು. ಮುಗಿಯಿತು.
"ಬಿಡ್ತು ಅನ್ನು!" — ಅತ್ತೆ ನನಗೇ ಗದರಿದರು. "ಯಾವ ಹೆಣ್ಣಮಗಳು ಹಂಗಂತಾಳ? ಹೋಗಿ ಬರ್ತೀನಿ ಅನ್ಬೇಕು."
ಓಟಕರ್ ಕೆಂಡ. "ಬರ್ತೀನಿ ಅಂದ್ರೆ ಫಿಲ್ಮ್ ಮುಗಿಯೋದು ಹೇಗೆ? ಹನ್ನೊಂದು ಸಿನಿಮಾದಲ್ಲೂ ಹೀರೋಯಿನ್ ರೈಲು ಹತ್ತಿದ್ದಾಳೆ. ಒಬ್ಬಳೂ ಬಂದಿಲ್ಲ!"
"ಅದಕ್ಕ ಕೆಲಸ ಸಿಕ್ಕಿಲ್ಲಂತ ಹೇಳವಗ."
ಅದನ್ನು ಮಾತ್ರ ಜರ್ಮನ್‌ಗೆ ತರಲಿಲ್ಲ. ಧೈರ್ಯ ಬೇಕಲ್ಲ...

ಮಾರ್ಚ್ 9
ರೊಟ್ಟಿ ಬಂದ್. ಸೀನ್ ತಿದ್ದುವ ತನಕ ಬಂದ್. ಅತ್ತೆಯ ಆರ್ಡರ್.

ಮಾರ್ಚ್ 13, ಬೆಳಿಗ್ಗೆ 7
ಬೆಲ್. ಓಟಕರ್, ಕೈಯಲ್ಲಿ ಕಾಗದ. ನಾಲ್ಕು ದಿನ ಬರೀ ಬ್ರೆಡ್ ತಿಂದ ಮುಖ. ತಿದ್ದಿದ್ದಾರೆ. "ಕಲೆ ಸತ್ತಿತು" ಎಂದು ಗೊಣಗುತ್ತ ಐದು ರೊಟ್ಟಿ ಮುಗಿಸಿದರು.

ಏಪ್ರಿಲ್ 4
ನಮ್ಮ ಅಡುಗೆಮನೆಯಲ್ಲಿದ್ದ ಓಟಕರ್‌ಗೆ ಪ್ರೊಡ್ಯೂಸರ್ ಫೋನ್, ಸ್ಪೀಕರ್‌ನಲ್ಲಿ. ಫಿಲ್ಮ್ ಓಕೆ! ಜೊತೆಗೆ — "ಬರ್ತೀನಿ ಅಂದಳಲ್ಲ, ಬಂದ ಮೇಲೇನು? ಇನ್ನೂ ಆರು ಎಪಿಸೋಡ್ ಬರೀರಿ."
ನಾನು ಕುಣಿದೆ. ಓಟಕರ್ ಕುರ್ಚಿಯಲ್ಲಿ ಕುಸಿದರು. ವಾಪಸ್ ಬಂದವಳು ಮೊದಲು ಏನು ಹೇಳುತ್ತಾಳೋ ಗೊತ್ತೇ ಇಲ್ಲವಂತೆ. ಅವರ ಹೆಂಡತಿಯೂ ಪ್ರಾಗ್‌ನಲ್ಲಿ ಹಾಗೇ ರೈಲು ಹತ್ತಿದ್ದಳಂತೆ. ಬರಲಿಲ್ಲ. ಪಾಪ ಅನ್ನಿಸಿತು.
ಅತ್ತೆ ರೊಟ್ಟಿ ಬಡಿಯುವುದು ನಿಲ್ಲಿಸಲಿಲ್ಲ. "ಇನ್ನೇನಂತಾಳ? 'ಉಂಡ್ರೇನು?' ಅಂತ ಕೇಳ್ತಾಳ. ಬರಕೊ ಅನ್ನವಗ."
ಬರೆದುಕೊಂಡರು. ಕನ್ನಡಕ ಎರಡು ಸಲ ಒರೆಸಿದರು.

ಮೇ 2
ಅತ್ತೆಯ ವೀಸಾ ಮುಗಿಯಿತು. ಏರ್‌ಪೋರ್ಟ್‌ಗೆ ಓಟಕರ್ ಕೂಡ, ಟೈ ಕಟ್ಟಿಕೊಂಡು. ಸೆಕ್ಯುರಿಟಿ ಹತ್ತಿರ ಅತ್ತೆ ಸೆರಗು ಬಾಯಿಗಿಟ್ಟು, "ಹೋಗ್ತೀನಿ, ಓಟಕರಪ್ಪ."
ಇಡೀ ಸಾಲು ತಿರುಗಿ ನೋಡುವಂತೆ ಕೂಗಿದರು ಅವರು, ಅಚ್ಚ ಕನ್ನಡದಲ್ಲಿ:
"ಬಿಡ್ತು ಅನ್ನು!"
ಅತ್ತೆ ಅಳುತ್ತಲೇ ನಕ್ಕರು. "ಬಿಡ್ತು, ಬಿಡ್ತು. ಹೋಗಿ ಬರ್ತೀನಿ."