ಪಲ್ಪರ್ ನೀರಿನ ನೆಂಟಸ್ತಿಕೆ

ಗೋಣಿಬೀಡು
೨೧-೧-೧೯೯೭

ಚಿ. ಸೌ. ಪ್ರೇಮಕುಮಾರಿಗೆ ನಿನ್ನ ವಿಮಲಕ್ಕನ ಆಶೀರ್ವಾದಗಳು.

ಇಲ್ಲಿ ಎಲ್ಲರೂ ಸುಖವಾಗಿದ್ದಾರೆ, ನನ್ನೊಬ್ಬಳನ್ನು ಬಿಟ್ಟು. ಮಗಳು ಶಾಲಿನಿಯ ಬಾಣಂತನ ಹೇಗೆ ನಡೆದಿದೆ? ಚಿಕ್ಕಮಗಳೂರಿನ ಚಳಿಗೆ ಮಗುವಿನ ಕಿವಿಗೆ ಗಾಳಿ ತಾಗದ ಹಾಗೆ ನೋಡಿಕೋ. ಮೊಮ್ಮಗ ಹುಟ್ಟಿದ ಸುದ್ದಿ ಕಿವಿಗೆ ಬಿದ್ದು ತಿಂಗಳಾಯಿತು, ಈಗ ಬರೆಯುತ್ತಿದ್ದೇನೆ. ಬೈದುಕೋ, ತಪ್ಪಿಲ್ಲ. ಇಷ್ಟು ವರ್ಷ ನಿನಗೆ ಕಾಗದ ಬರೆಯುವುದೆಂದರೆ ಕದ್ದು ಬರೆಯುವುದೇ ಆಗಿತ್ತಲ್ಲ.

ಇವತ್ತು ಕದಿಯಬೇಕಾಗಿಲ್ಲ. ನಮ್ಮ ಯಜಮಾನರೇ ಹಾಳೆ, ಕವರು, ಸ್ಟಾಂಪು ಎಲ್ಲ ತಂದು ಮುಂದಿಟ್ಟು, "ನಿನ್ ತಂಗಿಗೊಂದು ಕಾಗದ ಬರಿ ಮಾರಾಯ್ತಿ. ಶುಕ್ರವಾರ ನಮ್ಮನೇಲಿ ಊಟ. ಹಿರಿಯಣ್ಣ ಹೆಂಗೂ ಬರ್ತಾನೆ, ಅವ್ಳೂ ಬರ್ಲಿ" ಎಂದರು. ನಿನ್ನ ಗಂಡನ ಹೆಸರು ಅವರ ಬಾಯಲ್ಲಿ ಬೈಗುಳವಿಲ್ಲದೆ ಬಂದದ್ದನ್ನು ಕೇಳಿ ನಾನು ಅವರ ಹಣೆ ಮುಟ್ಟಿ ನೋಡಿದೆ, ಜ್ವರವಿರಬಹುದೆಂದು. ಜ್ವರವಲ್ಲ ಪ್ರೇಮ, ರಾಜಕೀಯ.

ಸೊಸೈಟಿ ಎಲೆಕ್ಷನ್ನಿನಲ್ಲಿ ಜಗಳವಾಡಿಕೊಂಡು ನಿನ್ನವರೂ ನನ್ನವರೂ ದೇವರಮನೆ ಬೆಟ್ಟದ ಗುಡಿಗೆ ಹೋಗಿ, "ನಿನ್ನ ಮನೆ ಮೆಟ್ಟಿಲು ನನ್ನ ಮನೆಯವರು ತುಳಿಯುವುದಿಲ್ಲ" ಎಂದು ಭೈರವನ ಮುಂದೆ ಆಣೆ ಹಾಕಿ ಬಂದರಲ್ಲ, ಅವತ್ತಿನಿಂದ ಒಂದೇ ಪಂಚಾಯ್ತಿಯೊಳಗೆ ಎರಡು ಗುಂಪು. ಅಕ್ಕತಂಗಿಯರು ನಾವು ಹಳ್ಳದ ಆಚೆ ಈಚೆ. ಯಾರದೋ ಮದುವೆಯಲ್ಲಿ, ಕೈ ತೊಳೆಯುವ ಜಾಗದಲ್ಲಿ ನಿಂತು ಮಾತಾಡಬೇಕು. ಆ ಇಬ್ಬರು ಮೊನ್ನೆ ಒಂದಾದರು. ಯಾವುದಕ್ಕಾಗಿ ಎಂದು ಕೇಳು.

ನೀನು ಚಿಕ್ಕಮಗಳೂರಿಗೆ ಹೋದ ಮೇಲೆ ಕಾಫಿ ಕೊಯ್ಲು ಜೋರಾಯಿತು. ಹಣ್ಣಿನ ಸಿಪ್ಪೆ ಸುಲಿಯುವ ಪಲ್ಪರುಗಳು ಶುರುವಾದವು. ಹಣ್ಣು ಸುಲಿದ ನೀರೆಲ್ಲ ಹಳ್ಳಕ್ಕೆ. ಈ ವರ್ಷ ರೇಟು ಇದೆಯೆಂದು ಎಲ್ಲರೂ ಹಣ್ಣನ್ನು ಹಾಗೇ ಚೆರಿಯಾಗಿ ಒಣಗಿಸುವುದು ಬಿಟ್ಟು, ಸುಲಿದು ತೊಳೆದು ಮಾಡುವ ಪಾರ್ಚ್‌ಮೆಂಟಿಗೇ ಬಿದ್ದಿದ್ದಾರೆ. ಹಳ್ಳ ಕಪ್ಪಗಾಗಿದೆ, ಮೇಲೆ ನೊರೆ, ಸತ್ತ ಮೀನು. ಕೆಳಗಿನ ಕಾಲೋನಿಯವರು ಕುಡಿಯುವುದು ಅದೇ ನೀರು. ಆ ಕಾಲೋನಿಯಿಂದ ಪಂಚಾಯ್ತಿಗೆ ಬಂದ ಮೆಂಬರ್ ಕೃಷ್ಣಮ್ಮ ಒಂದು ದಿನ ನನ್ನನ್ನು ಹಳ್ಳಕ್ಕೆ ಕರೆದುಕೊಂಡು ಹೋಗಿ, ಚೊಂಬಿನಲ್ಲಿ ನೀರು ಮೊಗೆದು ಮೂಗಿಗೆ ಹಿಡಿದಳು. "ಮೂಸಿ ನೋಡಿ ಅಮ್ಮ. ನಿಮ್ಮನೆ ನಾಯಿಗೆ ಇಟ್ರೆ ಕುಡೀತದಾ? ನನ್ ಮೊಮ್ಮಗಳಿಗೆ ಇದ್ನೇ ಕುಡಿಸ್ತಿದ್ದೆ." ಆ ಮಗು ವಾಂತಿ-ಭೇದಿಯಾಗಿ ಮೂಡಿಗೆರೆ ಆಸ್ಪತ್ರೆಯಲ್ಲಿ ಮಲಗಿತ್ತು.

ಪಂಚಾಯ್ತಿಯ ಮಹಿಳಾ ಮೀಸಲು ಸೀಟಿಗೆ ಯಜಮಾನರು ನನ್ನನ್ನು ನಿಲ್ಲಿಸಿದ್ದೇ ತೋರಿಸಿದ ಕಡೆ ಸಹಿ ಹಾಕಲಿ ಎಂದು. ಆದರೂ ಪಂಚಾಯ್ತಿಯಲ್ಲಿ ವಿಷಯ ಎತ್ತಿದೆ: ಪಲ್ಪರ್ ಇರುವವರು ಗುಂಡಿ ತೋಡಿ ನೀರು ಇಂಗಿಸಬೇಕು, ಹಳ್ಳಕ್ಕೆ ಬಿಡಬಾರದು. ಯಜಮಾನರು ಕುಣಿದಾಡಿದರು. "ಠರಾವು ಹಾಕು, ಹಾಕು! ಹಿರಿಯಣ್ಣನ ಕೊಬ್ಬು ಇಳೀತದೆ." ಯಾಕೆಂದರೆ ನಿಮ್ಮ ಪಲ್ಪರ್ ಹಳ್ಳದ ದಂಡೆಯ ಮೇಲಿದೆ. ಅತ್ತ ನಿನ್ನವರೂ ತಮ್ಮ ಗುಂಪಿಗೆ ಒಪ್ಪಿಗೆ ಕೊಟ್ಟರಂತೆ, ನಾವು ಈ ವರ್ಷ ಹೊಸ ಪಲ್ಪರ್ ಹಾಕಿದ್ದೇವಲ್ಲ, ನಮ್ಮ ಯಜಮಾನರು ಸಿಕ್ಕಿಹಾಕಿಕೊಳ್ಳಲಿ ಎಂದು. ದ್ವೇಷದಿಂದಲಾದರೂ ಒಳ್ಳೆಯದಾಗುತ್ತದೆ ಎಂದುಕೊಂಡೆ. ಎಂಥ ಪೆದ್ದಿ ನಾನು!

ಅಷ್ಟರಲ್ಲಿ ಸೋಮಶೇಖರಪ್ಪ ಬಂದರು. ಮೂಡಿಗೆರೆಯ ವ್ಯಾಪಾರಿ, ನಮ್ಮ ಪಾರ್ಚ್‌ಮೆಂಟನ್ನೂ ನಿಮ್ಮ ಪಾರ್ಚ್‌ಮೆಂಟನ್ನೂ ಕೊಳ್ಳುವ ಅದೇ ಮನುಷ್ಯ. ನಮ್ಮ ಜಗಲಿಯಲ್ಲಿ ಕೂತು, ನಾನು ಕೊಟ್ಟ ಕಾಫಿಯನ್ನೇ ಹೀರುತ್ತಾ, "ರೇಟ್ ಇರೋ ಕಾಲದಲ್ಲಿ ಗುಂಡಿ ತೋಡ್ಕೊಂಡು ಕೂರ್ತೀರಾ ಗೌಡ್ರೇ? ಡೆಲ್ಲೀಲಿ ಹದಿಮೂರು ಪಾರ್ಟಿ ಒಂದೇ ಚಾಪೇಲಿ ಕೂತವೆ. ನಿಮ್ಗೆ ಇಬ್ರಿಗೆ ಕೂರಕ್ಕಾಗಲ್ವಾ?" ಎಂದರು. ಯಜಮಾನರು ಅವರಿಗೆ ಇನ್ನೊಂದು ಲೋಟ ಕಾಫಿ ತರಲು ಹೇಳಿದರು. ನನಗೆ ಆಗಲೇ ಭಯವಾಯಿತು.

ಮಾರನೇ ದಿನ ಒಂದೇ ಜೀಪಿನಲ್ಲಿ ದೇವರಮನೆಗೆ ಹೋಗಿ ಆಣೆ ಬಿಡಿಸಿಕೊಂಡು ಬಂದರು. ತಪ್ಪುಕಾಣಿಕೆ ಹಾಕಿ, ಕಾಯಿ ಒಡೆಸಿದರೆ ಮುಗಿಯಿತಂತೆ. ಭಟ್ಟರು, "ಇದಕ್ಯಾಕೆ ಇಷ್ಟು ವರ್ಷ ಕಾದ್ರಿ? ಯಾವತ್ತು ಬಂದಿದ್ರೂ ಬಿಡಿಸ್ಕೊಡ್ತಿದ್ದೆ" ಎಂದರಂತೆ. ಇದನ್ನು ಯಜಮಾನರು ನಗುತ್ತಾ ಹೇಳಿದರು. ಜೊತೆಗೆ ಬಂದ ನಿನ್ನವರೂ ನಗುತ್ತಿದ್ದರು. ನಾನು ಒಳಗೆ ಹೋದೆ.

ಒಪ್ಪಂದ ಇಷ್ಟು: ಈಗಿನ ಅಧ್ಯಕ್ಷೆಯನ್ನು ಇಳಿಸುವುದು, ಮೊದಲು ನಾನು, ಆಮೇಲೆ ನಿಮ್ಮ ಕಡೆಯವರು. ರಸ್ತೆ ಕಂಟ್ರಾಕ್ಟು ಅರ್ಧರ್ಧ. ನೀರಿನ ವಿಷಯ "ಮುಂದಿನ ಸಭೆಗೆ". ಇದಕ್ಕೆ ಅವರಿಟ್ಟ ಹೆಸರು ಊರಿನ ಅಭಿವೃದ್ಧಿ. ಸಭೆಯಲ್ಲಿ ಗುಂಡಿಯ ವಿಷಯ ಮುಂದೂಡಲು ಎರಡೂ ಗುಂಪಿನವರು ಕೈ ಎತ್ತಿದರು, ಒಬ್ಬರ ಮುಖ ಒಬ್ಬರು ನೋಡಿ ಹಲ್ಲು ಕಿರಿದರು. ಕೈ ಎತ್ತದೆ ಕೂತವರು ನಾನು, ಕೃಷ್ಣಮ್ಮ ಇಬ್ಬರೇ. ಹೊರಗೆ ಬಂದಾಗ ಅವಳು, "ನಿಮ್ಮನ್ನೇ ಅಧ್ಯಕ್ಷೆ ಮಾಡ್ತಾರಂತಲ್ಲ ಅಮ್ಮ" ಎಂದಷ್ಟೇ ಹೇಳಿ ಸೆರಗು ಹೊದ್ದು ನಡೆದುಬಿಟ್ಟಳು. ಥೂ! ಆ ಮಾತಿಗಿಂತ ಅವಳು ಎರಡೇಟು ಹೊಡೆದಿದ್ದರೆ ವಾಸಿಯಿತ್ತು.

ಮನೆಗೆ ಬಂದು, ನನಗೆ ಆ ಕುರ್ಚಿ ಬೇಡ ಎಂದೆ. "ಮನೆ ಮರ್ಯಾದೆ ತೆಗೀಬೇಡ. ಎಲ್ರೂ ಒಪ್ಪಿದ್ಮೇಲೆ ನಿಂದೇನು?" ಎಂದರು. "ಮರ್ಯಾದೇನ ನಿಮ್ ಪಲ್ಪರ್ ನೀರಲ್ಲೇ ತೊಳ್ಕೊಳಿ, ಬೆಳ್ಳಗಾಗ್ತದೆ" ಎಂದೆ. ಊಟ ಬಿಟ್ಟು ಎದ್ದರು. ಏಳಲಿ. ಒಬ್ಬರನ್ನೊಬ್ಬರು ದ್ವೇಷಿಸುತ್ತಿದ್ದಾಗಲೇ ಇವರಲ್ಲಿ ಸ್ವಲ್ಪ ನಾಚಿಕೆ ಇತ್ತು.

ಈಗ ಕೇಳು. ಶುಕ್ರವಾರದ ಊಟಕ್ಕೆ ನಿನ್ನನ್ನು ಕರೆಯಲು ಹೇಳಿದರು, ಕರೆದಿದ್ದೇನೆ. ಬರಬೇಡ. ನಾನೂ ಬಡಿಸುವುದಿಲ್ಲ. ಅವತ್ತು ಬೆಳಿಗ್ಗೆ ಕಾಲೋನಿಯ ಹೆಂಗಸರ ಜೊತೆ ಪಂಚಾಯ್ತಿ ಆಫೀಸಿನ ಬಾಗಿಲಲ್ಲಿ ಕೂರುತ್ತೇನೆ. ನಿನ್ನೆ ಕೃಷ್ಣಮ್ಮನ ಮನೆಗೆ ಹೋಗಿ ಹೇಳಿಬಂದೆ. ಅವಳು ನಂಬಿದಳೋ ಇಲ್ಲವೋ ತಿಳಿಯದು, ಕೂರಲು ಮಣೆ ಕೊಟ್ಟಳು. ಶಾಲಿನಿಯನ್ನು ಬಿಟ್ಟು ಬರಲು ಆಗುವುದಾದರೆ ಬೆಳಗಿನ ಬಸ್ಸಿಗೆ ಬಾ, ನನ್ನ ಪಕ್ಕ ಕೂರು. ನಿನ್ನ ಗಂಡನ ಪಲ್ಪರಿಗೂ ನನ್ನ ಗಂಡನ ಪಲ್ಪರಿಗೂ ಎದುರಾಗಿ ನಾವಿಬ್ಬರೂ ಒಟ್ಟಿಗಿರೋಣ.

ಮಗು ನೂರು ಕಾಲ ಬಾಳಲಿ, ಒಳ್ಳೆಯ ನೀರು ಕುಡಿದು ಬೆಳೆಯಲಿ. ಶಾಲಿನಿಗೆ ದೊಡ್ಡಮ್ಮನ ಮುತ್ತು.

ನಿನ್ನ ಅಕ್ಕ,
ವಿಮಲ

ಮರೆತ ಮಾತು: ಮರೆತದ್ದಲ್ಲ, ಬರೆಯಲು ಕೈ ಬಂದಿರಲಿಲ್ಲ. ಅಮ್ಮ ಇದೇ ಮನೆಯಲ್ಲಿ ಕೊನೆಯುಸಿರು ಎಳೆಯುವಾಗ ನೀನು ಗೇಟಿನ ಹೊರಗೆ ನಿಂತಿದ್ದೆ. "ದೇವರಾಣೆ ಇದೆ, ನನ್ ಹೆಂಡ್ತಿ ಆ ಮೆಟ್ಲು ಹತ್ತೋ ಹಂಗಿಲ್ಲ" ಎಂದರು ನಿನ್ನವರು. "ಹತ್ತಿಸೋ ಹಂಗೂ ಇಲ್ಲ" ಎಂದರು ನನ್ನವರು. ಅದೊಂದು ವಿಷಯದಲ್ಲಿ ಇಬ್ಬರೂ ಅವತ್ತೇ ಒಂದಾಗಿದ್ದರು. ಒಳಗೆ ಅಮ್ಮ "ಪ್ರೇಮ ಬಂದ್ಲಾ? ಪ್ರೇಮ ಬಂದ್ಲಾ?" ಎಂದು ಕೇಳುತ್ತಲೇ ಇದ್ದಳು. ಇಷ್ಟು ವರ್ಷ ನಿನಗೆ ಇದನ್ನು ಹೇಳುವ ಧೈರ್ಯವಾಗಲಿಲ್ಲ. "ಬಂದ್ಲಮ್ಮ, ಬಚ್ಚಲಲ್ಲಿ ಕಾಲು ತೊಳೀತಿದಾಳೆ" ಎಂದೆ. ಅಮ್ಮ ಬಚ್ಚಲ ಕಡೆಗೆ ಮುಖ ತಿರುಗಿಸಿಕೊಂಡಳು. ಆ ಬಾಗಿಲನ್ನೇ ನೋಡುತ್ತಾ ಜೀವ ಬಿಟ್ಟಳು.