ಹನ್ನೊಂದು ದಿನ ಯಾರದು?

ಏಪ್ರಿಲ್ 28, ಬೆಳಿಗ್ಗೆ 5:40

ಕೆಟ್ಟ ಕನಸು. ಫ್ಯಾಕ್ಟರಿಯಲ್ಲಿ ಬಟನ್ ಎಣಿಸುತ್ತಿದ್ದೇನೆ. ಹನ್ನೊಂದು ಹೆಚ್ಚು. ಎಷ್ಟು ಸಲ ಎಣಿಸಿದರೂ ಹನ್ನೊಂದು. ಸೂಪರ್‌ವೈಸರ್ ಮುಖ ತಿರುಗಿಸಿದರೆ — ಅತ್ತೆ. "ಎಲ್ಲಿಂದ ತಂದೆ ಇವನ್ನ?"

ಎಚ್ಚರವಾದಾಗ ಕೈ ಹೊಟ್ಟೆಯ ಮೇಲಿತ್ತು.

ಕನಸೇನು, ನಿನ್ನೆ ನಡೆದದ್ದೇ. ಕ್ಲಿನಿಕ್ಕಿನಲ್ಲಿ ಕಾರ್ಡಿನ ಮೇಲೆ 'ಎಂಟು ವಾರ' ಎಂದು ಬರೆದುಕೊಟ್ಟರು. ಬಸ್ಸು ಹತ್ತಿದ್ದೇ ಅತ್ತೆ ಬೆರಳಿನ ಗೆಣ್ಣು ಎಣಿಸತೊಡಗಿದರು. ಎಂಟು ವಾರ ಎಂದರೆ ಐವತ್ತಾರು ದಿನ. ನಮ್ಮ ಮನೆಯವರು ಹಡಗಿನಿಂದ ಬಂದದ್ದು ಮಾರ್ಚ್ 13. ಎಂಟು ತಿಂಗಳು ಅಲ್ಲೇ ಅಡುಗೆ ಕೆಲಸದಲ್ಲಿದ್ದು ಬಂದವರು.

"ನನ್ಮಗ ಬಂದು ನಲವತ್ತೈದು ದಿನ. ಹೊಟ್ಟೇಲಿರೋದಕ್ಕೆ ಐವತ್ತಾರು. ಉಳಿದ ಹನ್ನೊಂದು ದಿನ ಯಾರದಮ್ಮಾ?"

ಮುಂದಿನ ಸೀಟಿನವಳು ತಿರುಗಿ ನೋಡಿದಳು.

ಆರನೇ ಕ್ಲಾಸಿಗೆ ಶಾಲೆ ಬಿಟ್ಟವಳು ನಾನು. ಆದರೂ ಕೂಡಿಸಿ ಕಳೆಯಲು ಬರುತ್ತದೆ. ಮನೆಗೆ ಬಂದು ನಾನೂ ಲೆಕ್ಕ ಹಾಕಿದೆ. ಹನ್ನೊಂದೇ. ಯಾರ ನೆರಳೂ ಸೋಕಿಲ್ಲ ನನಗೆ. ಲೆಕ್ಕ ಮಾತ್ರ ಸೋಕಿದೆ ಅನ್ನುತ್ತಿದೆ...

ಏಪ್ರಿಲ್ 29

ಇವರು ದಿಂಬು ಎತ್ತಿಕೊಂಡು ಮುಂದಿನ ಕೋಣೆಗೆ ಹೋದರು.

"ನಿಜ ಹೇಳು."

"ನಿಜಾನೇ ಹೇಳ್ತಿರೋದು."

"ಹಾಗಾದ್ರೆ ಕಾರ್ಡ್ ಸುಳ್ಳಾ?"

ಜೂನ್ ಒಂದಕ್ಕೆ ಮತ್ತೆ ಹಡಗು. ಅಷ್ಟರೊಳಗೆ ತೀರ್ಮಾನವಂತೆ — ನಾನು ಈ ಮನೆಯಲ್ಲಿರಬೇಕೋ, ಗಂಟುಮೂಟೆ ಕಟ್ಟಬೇಕೋ. ಅತ್ತೆ ನನ್ನ ತಟ್ಟೆಯನ್ನು ಬೇರೆ ಇಡುತ್ತಿದ್ದಾರೆ. ಎರಡು ತುತ್ತು ತಿಂದು ಏಳುತ್ತಿದ್ದೇನೆ. ಮಗುವಿಗೇನಾದರೂ ಆದರೆ? ಅದನ್ನೂ ನನ್ನ ತಲೆಗೇ ಕಟ್ಟುತ್ತಾರೆ.

ಮೇ 1

ನಾದಿನಿ ಬಂದಿದ್ದಳು. ಅವಳೂ ಬಸುರಿ. ಫೆಬ್ರುವರಿ 2ಕ್ಕೆ ಮದುವೆಯಾದವಳು, ಮೊದಲ ತಿಂಗಳಿಗೇ ನಿಂತಿತು ಎಂದು ಅತ್ತೆಗೆ ನೆಲದ ಮೇಲೆ ಕಾಲಿಲ್ಲ. ನನ್ನನ್ನು ಕಂಡು ಕಿಸಕ್ಕನೆ ನಕ್ಕಳು.

"ಅಣ್ಣನ ಹಡಗು ದಡಕ್ಕೆ ಬರೋ ಮುಂಚೇನೇ ಮಗು ಇಳಿದ್ಬಿಟ್ಟಿತ್ತಂತಲ್ಲ ಅತ್ಗೆ!"

ಅತ್ತೆಯೂ ನಕ್ಕರು. ಇವರು ತಲೆ ತಗ್ಗಿಸಿ ಉಂಡರು.

ನಗಲಿ. ಒಂದೊಂದು ಹಲ್ಲನ್ನೂ ನೆನಪಿಟ್ಟುಕೊಂಡಿದ್ದೇನೆ.

ಮೇ 4, ಮಧ್ಯಾಹ್ನ, ಊಟದ ಬಿಡುವು

ಒಬ್ಬಳೇ ಕ್ಲಿನಿಕ್ಕಿಗೆ ಓಡಿದೆ. ಕಾರ್ಡ್ ಬರೆದ ಸಿಸ್ಟರ್ ಇದ್ದರು. ಹೇಳುವಷ್ಟರಲ್ಲಿ ಅಳು ಬಂತು. ಅವರು ವಾರ ಎಣಿಸುವ ರಟ್ಟಿನ ಚಕ್ರವೊಂದನ್ನು ತೆಗೆದು ತಿರುಗಿಸಿದರು.

"ಕೊನೇ ಸಲ ಮುಟ್ಟಾಗಿದ್ದು ಯಾವತ್ತು?"

"ಮಾರ್ಚ್ ಎರಡು."

"ನಾವು ಎಣಿಸೋದೇ ಅಲ್ಲಿಂದ. ಮೊದಲ ಎರಡು ವಾರ ಹೊಟ್ಟೇಲಿ ಏನೂ ಇರಲ್ಲಮ್ಮ. ಎಲ್ಲರಿಗೂ ಹಾಗೇ. ನಿಮ್ಮನೆಯವರು ಹದಿಮೂರಕ್ಕೆ ಬಂದ್ರಾ? ಸರಿಹೋಯ್ತಲ್ಲ!"

ತಲೆಗೆ ಹೋಗಲಿಲ್ಲ. ಆಮೇಲೆ ನಮ್ಮ ಗಾರ್ಮೆಂಟ್ ಫ್ಯಾಕ್ಟರಿಯಲ್ಲಿ ಬಟ್ಟೆಯ ಬಂಡಲ್‌ಗೆ ಕಟ್ಟುವ ಚೀಟಿ ನೆನಪಾಯಿತು. ಅದರ ಮೇಲಿರುವುದು ಬಟ್ಟೆ ಕತ್ತರಿಸಿದ ತಾರೀಕು. ಹೊಲಿಯುವುದು ಎರಡು ವಾರ ಬಿಟ್ಟು. ಚೀಟಿಯ ಪ್ರಕಾರ ಎರಡು ವಾರ ವಯಸ್ಸಾಗಿರುತ್ತದೆ, ಅಂಗಿ ಮಾತ್ರ ಇನ್ನೂ ಹುಟ್ಟಿರುವುದಿಲ್ಲ. ಅಷ್ಟೇ! ದಿನಾ ಕೈಯಲ್ಲಿ ಹಿಡಿಯುವ ಚೀಟಿ...

"ನಿಮ್ಮತ್ತೇನ ಕರ್ಕೊಂಡ್ಬಾ, ನಾನೇ ಹೇಳ್ತೀನಿ."

"ಬರ್ತಾರೆ ಸಿಸ್ಟರ್" ಅಂದೆ. ಹೊರಗೆ ಬಂದೆ. ಸಂಜೆಯೇ ಹೇಳಿಬಿಡಬೇಕು ಎಂದುಕೊಂಡೆ. ಆಗ ಹೊಳೆಯಿತು — ಎಲ್ಲರಿಗೂ ಹಾಗೇ ಎಂದರೆ ನಾದಿನಿಗೂ ಹಾಗೇ.

ಮೇ 10

ಇವತ್ತು ನಾದಿನಿ, ಅವಳ ಗಂಡ ಊಟಕ್ಕೆ ಬಂದಿದ್ದರು. ಅತ್ತೆ ಮಗಳ ಕಾರ್ಡನ್ನು ಕೈಯಿಂದ ಕೈಗೆ ಕೊಟ್ಟು ತೋರಿಸುತ್ತಿದ್ದರು. ನನ್ನ ಕೈಗೂ ಬಂತು. ಮೇ 4: ಹದಿನಾಲ್ಕು ವಾರ.

ಕಾರ್ಡನ್ನು ಅತ್ತೆಯ ಮುಂದಿಟ್ಟೆ.

"ಅತ್ತೆ, ಹದಿನಾಲ್ಕು ವಾರ ಅಂದ್ರೆ ತೊಂಬತ್ತೆಂಟು ದಿನ. ಮದುವೆಯಾಗಿ ಆವತ್ತಿಗೆ ತೊಂಬತ್ತೊಂದು. ಉಳಿದ ಏಳು ದಿನ ಯಾರದು?"

ಅತ್ತೆಯ ಬೆರಳು ಗೆಣ್ಣಿನ ಮೇಲೆ ಓಡಿತು. ನಿಂತಿತು. ಮತ್ತೆ ಓಡಿತು. ಲೆಕ್ಕ ಅವರದೇ, ಕಲಿಸಿದ್ದೂ ಅವರೇ. ನಾದಿನಿಯ ಗಂಡ ತಟ್ಟೆ ಸರಿಸಿ ಹೆಲ್ಮೆಟ್ ತೆಗೆದುಕೊಂಡ. ಹೆಂಡತಿಯನ್ನು ಕರೆಯಲಿಲ್ಲ.

ನನಗೆ ಗೊತ್ತು ಅವಳು ತಪ್ಪು ಮಾಡಿಲ್ಲವೆಂದು. ಈ ಮನೆಯಲ್ಲಿ ನನ್ನೊಬ್ಬಳಿಗೇ ಗೊತ್ತು. ಹೇಳುವುದಿಲ್ಲ. ಹನ್ನೊಂದು ದಿನ ಹೇಳುವುದಿಲ್ಲ. ದಿನಕ್ಕೆ ದಿನ.

ಮೇ 15

ಐದನೇ ದಿನ. ನಾದಿನಿಯ ಗಂಡ ಫೋನ್ ಎತ್ತುತ್ತಿಲ್ಲ. ನಾದಿನಿ ಅಡುಗೆಮನೆಯ ಹೊಸ್ತಿಲಲ್ಲೇ ಕೂತಿರುತ್ತಾಳೆ. "ಅತ್ಗೆ, ನಿಮ್ಮಾಣೆ, ನಾನು ಅಂಥವಳಲ್ಲ."

'ಗೊತ್ತು ಕಣೇ' ನಾಲಿಗೆಯ ತುದಿಗೆ ಬಂತು. ನುಂಗಿದೆ.

"ನಾನೂ ಆವತ್ತು ಅದನ್ನೇ ಹೇಳಿದ್ದೆ" ಅಂದೆ.

ರಾತ್ರಿ ಇವರು ದಿಂಬು ಹಿಡಿದು ನನ್ನ ಕೋಣೆಯ ಬಾಗಿಲಿಗೆ ಬಂದರು. "ಕ್ಲಿನಿಕ್ಕಲ್ಲಿ ಒಂದು ಮಾತು ಕೇಳ್ಬಹುದಿತ್ತಲ್ವಾ?"

"ನೀವ್ಯಾಕೆ ಕೇಳ್ಲಿಲ್ಲ?"

ದಿಂಬಿನ ಜೊತೆಗೇ ವಾಪಸ್ಸು ಹೋದರು.

ಖುಷಿಯಾಗಬೇಕಿತ್ತು. ಆಯಿತು. ಆದರೆ ಅವಳು ಮಧ್ಯಾಹ್ನ ತಿಂದದ್ದೆಲ್ಲ ವಾಂತಿ ಮಾಡಿದಳು. ಅವಳ ಮಗುವಿಗೇನಾದರೂ ಆದರೆ? ಇನ್ನು ಆರೇ ದಿನ. ತಡೆದುಕೊಳ್ಳಲಿ. ನಾನು ತಡೆದುಕೊಳ್ಳಲಿಲ್ಲವೇ?

ಮೇ 20, ಸಂಜೆ

ಹತ್ತನೇ ದಿನ. ಮೂರು ಸಲ ಎಣಿಸಿದೆ, ಹತ್ತೇ.

ಕೆಲಸದಿಂದ ಬಂದು ಕೈಕಾಲು ತೊಳೆಯುತ್ತಿದ್ದೆ. ಅತ್ತೆ ಬಂದರು. ಒಂದು ಕೈಯಲ್ಲಿ ಎರಡು ಕಾರ್ಡು, ಇನ್ನೊಂದರಲ್ಲಿ ಗೋಡೆಯಿಂದ ಕಿತ್ತ ಕ್ಯಾಲೆಂಡರು. ನಾನು ಕೂತ ಮೇಲೆ ಅವರೂ ಕೂತರು, ನೆಲದ ಮೇಲೆ, ನನ್ನ ಮುಂದೆ.

"ಅಳಿಯ ಅವನ ಮನೆಯವರನ್ನ ಕರ್ಕೊಂಡು ನಾಳೆ ಬೆಳಿಗ್ಗೇನೇ ಬರ್ತಾನಂತೆ. ಸಂಬಂಧ ಬೇಡ ಅನ್ನೋಕೆ."

ನಾಳೆ ಸಂಜೆಗೆ ನನ್ನ ಹನ್ನೊಂದು ಮುಗಿಯುವುದು.

ಅತ್ತೆ ಪೆನ್ಸಿಲು ನನ್ನ ಕೈಗೆ ತುರುಕಿದರು. ಅವರ ಬೆರಳು ತಣ್ಣಗಿತ್ತು.

"ನಾನೇ ಎಲ್ಲೋ ತಪ್ಪಿದ್ದೀನಿ ತಾಯಿ. ನಿಂದೂ, ಅವಳದೂ. ಎಲ್ಲಿಂದ ಎಣಿಸೋಕೆ ಶುರು ಮಾಡ್ಬೇಕು... ಅದೊಂದನ್ನ ಇನ್ನೊಂದ್ಸಲ ನೋಡಿ ಹೇಳಮ್ಮ —"