ಹೆಸರು ಬಿಟ್ಟು ಹಾಡಿದ ಪದ

ನಾರಾಯಣಪೇಟೆ
೧೨ ಫೆಬ್ರವರಿ ೨೦೨೫

ಪ್ರೀತಿಯ ಹರಿತಕ್ಕನಿಗೆ ರಜಿನಿ ಮಾಡುವ ನಮಸ್ಕಾರ.

ಗದ್ವಾಲಿನಲ್ಲಿ ನೀನು, ಭಾವನವರು, ಮಗಳು ಆರಾಮ ಇದ್ದೀರೆಂದು ನಂಬಿದ್ದೇನೆ. ಇಷ್ಟು ದಿನ ನಿನ್ನ ಫೋನು ಎತ್ತಲಿಲ್ಲ, ಸಿಟ್ಟಾಗಬೇಡ. ನಿನ್ನ ಮನೆಯಲ್ಲಿ ಫೋನು ಯಾವಾಗಲೂ ಸ್ಪೀಕರಿನ ಮೇಲೇ ಇರುತ್ತದೆ. ಇದು ಎಲ್ಲರ ಕಿವಿಗೆ ಬೀಳುವ ಮಾತಲ್ಲ, ಅದಕ್ಕೇ ಕಾಗದ.

ನೀನು ಹೇಳಿದಂತೆ ಮಕ್ತಲಕ್ಕೆ ಹೋಗಿ ಪದ ಹಾಡುವ ಭೀಮಯ್ಯನವರನ್ನು ಕಂಡೆ. ಹಳೆಯ ಪದಗಳ ಪುಸ್ತಕವನ್ನು ಮತ್ತೆ ಅಚ್ಚು ಹಾಕಿಸುತ್ತಿರುವವರೂ ಅವರೇ. ಬುಚ್ಚಮ್ಮನ ಪದವೂ ಅದರಲ್ಲಿದೆ. ನೇಕಾರರ ಸೊಸೆ ಬುಚ್ಚಮ್ಮ ಕೂಸನ್ನು ತೊಟ್ಟಿಲಲ್ಲಿ ಬಿಟ್ಟು ಸೀರೆ ವ್ಯಾಪಾರಿಯ ಹಿಂದೆ ಹೋದಳು, ಕೃಷ್ಣಾ ಹೊಳೆಯಲ್ಲಿ ಮುಳುಗಿದಳು ಎಂದು ಸಂತೆ ಸಂತೆಗಳಲ್ಲಿ ಮಾರಿದ ಪದ. ಅವಳು ನಮ್ಮ ಅಜ್ಜಿ ಎಂಬುದನ್ನು ಊರು ಹೆಚ್ಚು ಕಡಿಮೆ ಮರೆತಿದೆ. ಆದರೆ ಪುಸ್ತಕದ ಪದಗಳನ್ನು ಭೀಮಯ್ಯನವರು ಹಾಡುವ ಸಭೆ ಇಟ್ಟದ್ದು ನಮ್ಮ ಓಣಿಯಲ್ಲಿ. ನಿನ್ನ ಮಗಳನ್ನು ಒಪ್ಪಿದ ದಾಮರಗಿದ್ದದ ಬೀಗರು ನಿಶ್ಚಯದ ಸೀರೆಗೆಂದು ಬಂದು ಸಭೆಯ ದಿನ ನಮ್ಮ ಮನೆಯಲ್ಲೇ ಇರುವವರಿದ್ದರು. ಹೆಸರು ಕಿವಿಗೆ ಬಿದ್ದರೆ ಯಾವ ಮುದುಕಿಯಾದರೂ ನಮ್ಮ ಕಡೆ ಕೈ ತೋರಿಸಿಯಾಳು ಎಂಬ ನಿನ್ನ ಹೆದರಿಕೆ ನನಗೂ ಹತ್ತಿತ್ತು.

ಹೆಸರು ಬಿಟ್ಟು ಹಾಡಿ ಎಂದರೆ ಭೀಮಯ್ಯನವರು ಮೊದಲು ಒಪ್ಪಲಿಲ್ಲ. "ಪದ ನಂದಲ್ಲವ್ವ, ಮಂದೀದು. ಹೆಸರ ತಗದ್ರ ಅದು ಯಾರ ಪದ?" ಎಂದರು. ನಾನು ಅತ್ತು ಅವರ ಕಾಲು ಹಿಡಿದೆ. ಕಡೆಗೆ, ಹಾಡುವಾಗಲೂ ಅಚ್ಚು ಹಾಕುವಾಗಲೂ 'ಹೆಣ್ಣೊಬ್ಬಳು' ಎನ್ನುತ್ತೇನೆಂದು ಮಾತು ಕೊಟ್ಟರು.

ಬೇಡವೆಂದರೂ ಅವ್ವ ಸಭೆಗೆ ಬಂದು ನನ್ನ ಪಕ್ಕದಲ್ಲಿ ಕುಳಿತಳು. ಎದುರಿಗೆ ವರನ ದೊಡ್ಡಪ್ಪ ಮಲ್ಲೇಶ, ಅವರ ಹೆಂಡತಿ. ಭೀಮಯ್ಯನವರು ಪದ ಎತ್ತಿಕೊಂಡರು. ಹೆಸರು ಬರುವ ಜಾಗಕ್ಕೆ 'ಹೊಂಟಾಳ ಹೆಣ್ಣೊಬ್ಬಳು' ಎಂದರು. ಎರಡನೆಯ ನುಡಿಯಲ್ಲೂ ಹಾಗೆಯೇ. ಇನ್ನು ಪಾರಾದೆವು ಎಂದುಕೊಳ್ಳುವಾಗ ಅವ್ವ ನನ್ನ ಹೆಗಲು ಹಿಡಿದು ಎದ್ದಳು. ಸೆರಗು ಹಿಡಿದು ಜಗ್ಗಿದೆ, ಬಿಡಿಸಿಕೊಂಡಳು.

"ನಿಲ್ಲಸ್ರಿ ಭೀಮಯ್ಯ. ಆಕಿಗೆ ಹೆಸರೈತಿ. ಬುಚ್ಚಮ್ಮ. ಹೆಸರಿಟ್ಟು ಹಾಡ್ರಿ."

ಭೀಮಯ್ಯನವರು ನನ್ನ ಕಡೆ ನೋಡಿದರು. ನಾನು ತಲೆ ಎತ್ತಲಿಲ್ಲ. ಮಲ್ಲೇಶ ಮೆಲ್ಲಗೆ ಕೇಳಿದರು, "ಆಕಿ ನಿಮಗ ಏನಾಗಬೇಕ್ರಿ?"

"ನಮ್ಮವ್ವ. ತೊಟ್ಟಿಲದಾಗಿನ ಕೂಸು ನಾನು."

ಭೀಮಯ್ಯನವರು ಪದವನ್ನು ಮೊದಲಿನಿಂದ ಹಾಡಿದರು, ಹೆಸರಿಟ್ಟು. ಅವ್ವ ನಿಂತೇ ಕೇಳಿದಳು. ಪದ ಮುಗಿದ ಮೇಲೆ ಬೀಗರು ಬಸ್ಸಿಗೆ ಹೊತ್ತಾಯಿತೆಂದು ಊಟ ಮಾಡದೆ ಹೊರಟರು. ಮಾಡಿದ ಹೋಳಿಗೆ ಓಣಿಗೆ ಹಂಚಿದೆ.

ಮದುವೆಯ ಮಾತು ಉಗಾದಿ ಕಳೆದ ಮೇಲೆ ನೋಡೋಣ ಎಂದು ಬೀಗರು ನಿನಗೂ ಹೇಳಿ ಕಳಿಸಿರಬೇಕು. ಹುಡುಗ ಮಾತ್ರ ನನಗೆ ಫೋನು ಮಾಡಿ, ತನ್ನ ಮನಸ್ಸು ಬದಲಾಗಿಲ್ಲ, ಹಿರಿಯರು ಒಪ್ಪುವ ತನಕ ಕಾಯುತ್ತೇನೆ ಎಂದ. ಅದನ್ನು ಮಗಳಿಗೆ ಹೇಳು.

ಅವ್ವನನ್ನು ನಾನು ಬಾಯಿಗೆ ಬಂದಂತೆ ಬೈದೆ. ಮೊಮ್ಮಗಳ ಮದುವೆಗಿಂತ ಒಂದು ಪದ ದೊಡ್ಡದಾಯಿತೇ ಎಂದೆ. ಅವಳು ಮಗ್ಗದ ನೂಲಿನ ಕಂಡಿಕೆ ಸುತ್ತುತ್ತಾ ಕುಳಿತಳು. ಇನ್ನು ನೀನೂ ಬೈಯಬೇಡ. ಬೈಯುವುದಿದ್ದರೆ ನನ್ನನ್ನು ಬೈ, ಯಾಕೆಂದರೆ ಅಚ್ಚಿನಲ್ಲಿ ಹೆಸರು ಇರಲಿ ಎಂದು ಭೀಮಯ್ಯನವರಿಗೆ ಈಗ ನಾನೇ ಹೇಳಿದ್ದೇನೆ.

ಭಾವನವರಿಗೆ ನಮಸ್ಕಾರ. ಮಗಳಿಗೆ ನನ್ನ ಆಶೀರ್ವಾದ. ದೇವರು ಆ ಕೂಸಿನ ಹೊಟ್ಟೆ ತಣ್ಣಗಿಡಲಿ.

ನಿನ್ನ ತಂಗಿ
ರಜಿನಿ

ತಾ.ಕ.: ನಿನ್ನೆ ಭೀಮಯ್ಯನವರು ಬಂದು ತಮ್ಮಲ್ಲಿದ್ದ ಹಳೆಯ ಪುಸ್ತಕವನ್ನು ಅವ್ವನಿಗೆ ಕೊಟ್ಟು ಹೋದರು. ಅವ್ವನಿಗೆ ಓದು ಬರುವುದಿಲ್ಲವಲ್ಲ, ತನ್ನ ಬೆರಳು ಹಿಡಿದು ಹೆಸರಿನ ಮೇಲೆ ಇಡು ಎಂದಳು. ಇಟ್ಟೆ. ಆಮೇಲೆ ಹೇಳಿದಳು: "ಆಕಿ ಹ್ವಾದ ಮ್ಯಾಲೆ ನಮ್ಮ ಮನ್ಯಾಗ ಯಾರೂ ಆಕಿ ಹೆಸರ ಎತ್ತಲಿಲ್ಲ. ಫೋಟೋ ಇಲ್ಲ, ಗೋರಿ ಇಲ್ಲ. ನಮ್ಮವ್ವನ ಹೆಸರು ನಾ ಸಂತ್ಯಾಗ ಪದ ಹಾಡೋರ ಬಾಯಾಗ ಕೇಳಿ ತಿಳಕೊಂಡೀನಿ. ಹೊಳಿ ದಾಟೋ ಮುಂದ ಹಿಂದಕ ತಿರುಗಿ ನೋಡಿದ್ಲಂತ ಪದದಾಗ ಐತಿ. ಖರೇನೋ ಸುಳ್ಳೋ, ನನ್ನ ಪಾಲಿಗೆ ಬಂದದ್ದು ಅಷ್ಟ. ಅದನ್ನೂ ಅಕ್ಕ ತಂಗಿ ಕೂಡಿ ತಗಸಾಕ ಹೋದ್ರಿ."

ಹೆಸರು ತೆಗೆಸಲು ಹೇಳಿದವಳು ನೀನೆಂದು ನಾನು ಅವಳಿಗೆ ಹೇಳಿರಲಿಲ್ಲ, ಅಕ್ಕಾ.